ಒಂದೇ ಹೊಲಕ್ಕೆ ಎರಡು ಬೆಲೆ

ಅಪ್ಪ ತೀರಿಕೊಂಡ ಮೇಲೆ ಲೋಕಿಕೆರೆಯ ಮನೆಯ ಅಟ್ಟ ಖಾಲಿ ಮಾಡುವಾಗ ಒಂದು ತಗಡಿನ ಟ್ರಂಕು ಸಿಕ್ಕಿತು. ಹಳೆಯ ಪಹಣಿ, ಕಂದಾಯದ ರಸೀದಿ, ಸೊಸೈಟಿ ಸಾಲದ ಪುಸ್ತಕಗಳ ಅಡಿಯಲ್ಲಿ ದಾರದಿಂದ ಹೊಲಿದ ಕಾಗದದ ಕಟ್ಟೊಂದಿತ್ತು. ಬಿಚ್ಚಿ ನೋಡಿದರೆ 1998ರ ಒಂದು ಪಾಲಿನ ದಾವೆಯ ನಕಲು. ವಾದಿ ನಮ್ಮ ಅತ್ತೆ, ಅಂದರೆ ಅಪ್ಪನ ಅಕ್ಕ. ಒಂದನೇ ಪ್ರತಿವಾದಿ ದೊಡ್ಡಪ್ಪ, ಎರಡನೇ ಪ್ರತಿವಾದಿ ನಮ್ಮಪ್ಪ.

ಅಂಥದ್ದೊಂದು ದಾವೆ ನಡೆದಿತ್ತೆಂದು ನನಗೆ ಗೊತ್ತಿರಲಿಲ್ಲ ಎನ್ನಲಾರೆ. ಅತ್ತೆ ಹಬ್ಬಕ್ಕೆ ಬರುವುದು ನಿಂತಿತ್ತು. ಅವರ ಹೆಸರು ಬಂದರೆ ಅಪ್ಪ ಎದ್ದು ಹೊರಗೆ ಹೋಗುತ್ತಿದ್ದರು. ಮಕ್ಕಳಾದ ನಮಗೆ ಅಷ್ಟು ಸಾಕಿತ್ತು. ಆದರೆ ಕಾಗದಗಳನ್ನು ಓದಿದ್ದು ಇದೇ ಮೊದಲು. ಓದುತ್ತಾ ಹೋದಂತೆ ನನ್ನ ಕಣ್ಣು ನಿಂತದ್ದು ಕಟ್ಟಿನ ಕೊನೆಯಲ್ಲಿದ್ದ ಒಂದು ಹಾಳೆಯ ಮೇಲೆ. ಅದರ ತಲೆಯ ಮೇಲೆ ‘ವ್ಯಾಲ್ಯುಯೇಷನ್ ಸ್ಲಿಪ್’ ಎಂದು ಟೈಪಾಗಿತ್ತು. ದಾವೆ ಹಾಕುವವರು ತಮ್ಮ ಆಸ್ತಿಗೆ ಎಷ್ಟು ಬೆಲೆ, ಅದಕ್ಕೆ ಎಷ್ಟು ಕೋರ್ಟ್ ಫೀ ಎಂದು ಲೆಕ್ಕ ಕೊಡುವ ಹಾಳೆ ಅದು.

ಅದರಲ್ಲಿ ನಮ್ಮ ಐದೂವರೆ ಎಕರೆ ಹೊಲಕ್ಕೆ ಹಾಕಿದ್ದ ಬೆಲೆ ಮುನ್ನೂರು ರೂಪಾಯಿಯನ್ನೂ ಮುಟ್ಟಿರಲಿಲ್ಲ. ಸೋರುವ ಮಾಳಿಗೆಯ ಮನೆಗೆ ಎಂಬತ್ತು ಸಾವಿರ. ರಸ್ತೆಗೆ ಹತ್ತಿಕೊಂಡಿದ್ದ, ಆಗಲೇ ಅಲಿನೇಷನ್ ಆಗಿದ್ದ ಒಂದೆಕರೆಗೆ ಲಕ್ಷಗಟ್ಟಲೆ. ಅನ್ನ ಕೊಟ್ಟ ಹೊಲದ ಬೆಲೆ ಒಂದು ಜೊತೆ ಚಪ್ಪಲಿಯಷ್ಟೇ ಎಂದು ಮೊದಲು ನಗು ಬಂತು. ಟೈಪಿಸ್ಟು ಸೊನ್ನೆಗಳನ್ನು ಬಿಟ್ಟಿರಬೇಕು ಎಂದುಕೊಂಡೆ. ಆಮೇಲೆ ವಕೀಲ ಗೆಳೆಯನೊಬ್ಬನನ್ನು ಕೇಳಿದಾಗ ಗೊತ್ತಾಯಿತು, ಸೊನ್ನೆ ಬಿಟ್ಟಿರಲಿಲ್ಲ. ಕಾನೂನಿನ ಲೆಕ್ಕದಲ್ಲಿ ಅದೇ ಸರಿಯಾದ ಬೆಲೆ. ಆ ಬೆಲೆ ಎಲ್ಲಿಂದ ಬಂತು ಎಂದು ಹುಡುಕುತ್ತಾ ಹೊರಟವನಿಗೆ ನಮ್ಮ ಮನೆಯ ಜಗಳಕ್ಕಿಂತ ಬಹಳ ಹಳೆಯ ಕತೆ ಸಿಕ್ಕಿತು.

*

ನ್ಯಾಯ ಕೇಳಲು ದುಡ್ಡು ಕೊಡುವುದು ನಮ್ಮಲ್ಲಿ ಹೊಸದಲ್ಲ. ಆದರೆ ಯಾವಾಗ ಕೊಡಬೇಕು, ಯಾರು ಕೊಡಬೇಕು ಎನ್ನುವುದರಲ್ಲಿ ದೊಡ್ಡ ವ್ಯತ್ಯಾಸವಿದೆ. ಯಾಜ್ಞವಲ್ಕ್ಯ ಸ್ಮೃತಿಯ ಪ್ರಕಾರ ಸಾಲದ ವ್ಯಾಜ್ಯದಲ್ಲಿ ಸೋತ ಸಾಲಗಾರನು ರಾಜನಿಗೆ ನೂರಕ್ಕೆ ಹತ್ತು ಕೊಡಬೇಕು, ಹಣ ವಾಪಸು ಪಡೆದ ಸಾಲಿಗನು ನೂರಕ್ಕೆ ಐದು ಕೊಡಬೇಕು. ಈ ಸ್ಮೃತಿಗೆ ‘ಮಿತಾಕ್ಷರ’ ಎಂಬ ವ್ಯಾಖ್ಯಾನ ಬರೆದ ವಿಜ್ಞಾನೇಶ್ವರ ನಮ್ಮವನೇ. ಚಾಲುಕ್ಯರ ಆರನೇ ವಿಕ್ರಮಾದಿತ್ಯನ ಕಾಲದಲ್ಲಿ ಕಲ್ಯಾಣದಲ್ಲಿದ್ದವನು, ಅಂದರೆ ಇಂದಿನ ಬಸವಕಲ್ಯಾಣದಲ್ಲಿ. ಮುಂದೆ ಬ್ರಿಟಿಷ್ ಕೋರ್ಟುಗಳು ಹಿಂದೂ ಕುಟುಂಬದ ಆಸ್ತಿ ಹಂಚಿಕೆಗೆ ಆಧಾರವಾಗಿ ಹಿಡಿದದ್ದು ಇವನ ಗ್ರಂಥವನ್ನೇ. ಅಲ್ಲಿ ರಾಜನ ಪಾಲು ಸಲ್ಲುವುದು ತೀರ್ಮಾನವಾದ ಮೇಲೆ. ಬಾಗಿಲಲ್ಲೇ ದುಡ್ಡು ಇಟ್ಟು ಒಳಗೆ ಬಾ ಎನ್ನುವ ಕ್ರಮ ಈಸ್ಟ್ ಇಂಡಿಯಾ ಕಂಪನಿಯ ಕಾಲದ್ದು.

1793ರಲ್ಲಿ ಬಂಗಾಳದಲ್ಲಿ ಕಾರ್ನ್‌ವಾಲಿಸ್ ದಾವೆ ಹಾಕುವುದಕ್ಕೆ ಇದ್ದ ಶುಲ್ಕವನ್ನು ತೆಗೆದುಹಾಕಿದ್ದ. ಕೋರ್ಟುಗಳು ತುಂಬಿಹೋದವು. ಎರಡೇ ವರ್ಷಕ್ಕೆ, 1795ರಲ್ಲಿ, ಹೊಸ ರೆಗ್ಯುಲೇಷನ್ ಬಂದು ಶುಲ್ಕ ಮತ್ತೆ ಬಂತು. ಹುರುಳಿಲ್ಲದ ದಾವೆಗಳನ್ನು ತಡೆಯುವುದೇ ಉದ್ದೇಶ ಎಂದು ಅದರ ಪೀಠಿಕೆ ಹೇಳಿತು. 1830ರ ದಶಕದಲ್ಲಿ ಕಲ್ಕತ್ತೆಯಲ್ಲಿ ಕಾನೂನು ಸದಸ್ಯನಾಗಿದ್ದ ಮೆಕಾಲೆ ಆ ಪೀಠಿಕೆಯನ್ನು ಕಟುವಾಗಿ ಗೇಲಿ ಮಾಡಿದ. ಇಂಗ್ಲಿಷ್ ಶಿಕ್ಷಣದ ವಿಷಯದಲ್ಲಿ ಅವನ ಮೇಲೆ ನಮಗೆಷ್ಟೇ ಸಿಟ್ಟಿರಲಿ, ಇಲ್ಲಿ ಅವನ ವಾದ ನೇರವಾಗಿತ್ತು. ಸುಳ್ಳು ದಾವೆ ಹಾಕುವವನಿಗೂ ನಿಜವಾದ ದಾವೆ ಹಾಕುವವನಿಗೂ ಶುಲ್ಕ ಒಂದೇ. ಹಾಗಾದರೆ ಅದು ಸುಳ್ಳನ್ನು ಹೇಗೆ ತಡೆಯುತ್ತದೆ? ಅದು ತಡೆಯುವುದು ದುಡ್ಡಿಲ್ಲದವನನ್ನು ಮಾತ್ರ.

ಆದರೂ ಶುಲ್ಕ ಉಳಿಯಿತು. 1870ರ ಕೋರ್ಟ್ ಫೀ ಕಾಯ್ದೆ ಬ್ರಿಟಿಷ್ ಇಂಡಿಯಾಕ್ಕೆಲ್ಲ ಒಂದು ಚೌಕಟ್ಟು ಹಾಕಿಕೊಟ್ಟಿತು. ಆಸ್ತಿಯ ಬೆಲೆಗೆ ತಕ್ಕಂತೆ ಫೀ ಎನ್ನುವುದು ಅದರ ಮೂಲಸೂತ್ರ. ಹಾಗೆಂದ ಕೂಡಲೇ ಮುಂದಿನ ಪ್ರಶ್ನೆ: ಬೆಲೆ ಎಷ್ಟು? ಹೊಲದ ಬೆಲೆಯನ್ನು ಯಾರು ಹೇಳಬೇಕು? ಊರಿನಲ್ಲಿ ಹೊಲ ದಿನಾ ಮಾರಾಟವಾಗುವ ಸರಕಲ್ಲ. ಪ್ರತಿ ದಾವೆಯಲ್ಲೂ ಬೆಲೆ ಎಷ್ಟೆಂದು ಸಾಕ್ಷಿ ಕರೆಸುತ್ತಾ ಕೂತರೆ ದಾವೆ ಶುರುವಾಗುವುದೇ ಇಲ್ಲ. ಅದಕ್ಕೆ ಕಾಯ್ದೆ ಮಾಡಿದವರು ಒಂದು ಸುಲಭದ ದಾರಿ ಹುಡುಕಿದರು. ಹೊಲದ ಕಂದಾಯ ಎಷ್ಟೆಂದು ಸರ್ಕಾರದ ದಫ್ತರದಲ್ಲೇ ಇದೆ. ಅದರ ಇಂತಿಷ್ಟು ಪಟ್ಟು ಎಂದುಬಿಟ್ಟರೆ ತಕರಾರಿಲ್ಲ. ಕಾಯಂ ಜಮಾಬಂದಿಯ ಭೂಮಿಯಾದರೆ ಕಂದಾಯದ 10 ಪಟ್ಟು, ಕಾಲಕಾಲಕ್ಕೆ ಕಂದಾಯ ಪರಿಷ್ಕರಿಸುವ ಕಡೆ 5 ಪಟ್ಟು. ಮನೆ, ತೋಟಗಳಿಗೆ ಮಾತ್ರ ಮಾರುಕಟ್ಟೆ ಬೆಲೆ. ನಮ್ಮ ಟ್ರಂಕಿನ ಹಾಳೆಯಲ್ಲಿದ್ದ ವಿಚಿತ್ರ ಲೆಕ್ಕದ ಬೇರು ಇಲ್ಲಿದೆ.

*

ಕಂದಾಯವನ್ನು ಆಧಾರ ಮಾಡಿಕೊಂಡರೆ ಆ ಕಂದಾಯ ಹೇಗೆ ನಿಗದಿಯಾಯಿತು ಎನ್ನುವುದನ್ನೂ ನೋಡಬೇಕು. ಅಲ್ಲಿ ಕತೆ ನಮ್ಮ ಸೀಮೆಗೇ ಬರುತ್ತದೆ. ಮೈಸೂರು ಸಂಸ್ಥಾನ ಬ್ರಿಟಿಷ್ ಕಮಿಷನರುಗಳ ಆಡಳಿತದಲ್ಲಿದ್ದಾಗ, ಬೌರಿಂಗ್ ಕಾಲದಲ್ಲಿ, 1863ರಲ್ಲಿ ರೆವಿನ್ಯೂ ಸರ್ವೆ ಆರಂಭವಾಯಿತು. ಮೊದಲು ಸರಪಳಿ ಎಳೆದದ್ದು ಹರಿಹರದ ಕಡೆ. ಹೊಳೆಯ ಆಚೆ ಮುಂಬೈ ಪ್ರಾಂತ್ಯದ ಧಾರವಾಡ ಜಿಲ್ಲೆಯಲ್ಲಿ ಆಗಲೇ ಸರ್ವೆ ಮಾಡಿ ಅನುಭವವಿತ್ತು. ಅದೇ ಮಾದರಿ ಇಲ್ಲಿಗೂ ಬಂತು. ಮಣ್ಣು ಕಪ್ಪೋ ಕೆಂಪೋ, ಆಳ ಎಷ್ಟು, ಊರಿನಿಂದ ಎಷ್ಟು ದೂರ ಎಂದೆಲ್ಲ ನೋಡಿ ಆಣೆಯ ಲೆಕ್ಕದಲ್ಲಿ ಹೊಲದ ದರ್ಜೆ ಹಿಡಿದು, ಮೂವತ್ತು ವರ್ಷಕ್ಕೆಂದು ಕಂದಾಯ ಕಟ್ಟಿದರು. ಇಂದಿಗೂ ನಮ್ಮ ಊರುಗಳಲ್ಲಿ ಜನ ಹೊಲವನ್ನು ಗುರುತಿಸುವುದು ಆಗ ಬಿದ್ದ ಸರ್ವೆ ನಂಬರಿನಿಂದಲೇ.

ಆಮೇಲೆ ಜಗತ್ತು ಬದಲಾಯಿತು. ದಾವಣಗೆರೆಗೆ ಹತ್ತಿಯ ಗಿರಣಿಗಳು ಬಂದವು, ಪೇಟೆ ಬೆಳೆಯಿತು. ಲಕ್ಕವಳ್ಳಿಯಲ್ಲಿ ಭದ್ರಾ ಅಣೆಕಟ್ಟು ಆಗಿ ನಾಲೆಯ ನೀರು ನಮ್ಮ ತಾಲೂಕಿಗೆ ಹರಿಯಿತು. ಜೋಳ, ಹತ್ತಿ ಬೆಳೆಯುತ್ತಿದ್ದ ಹೊಲಗಳೆಷ್ಟೋ ಗದ್ದೆಯಾದವು. 1997ರ ಆಗಸ್ಟ್ 15ರಂದು ದಾವಣಗೆರೆಯೇ ಜಿಲ್ಲೆಯಾಯಿತು. ಊರಿನಿಂದ ಪೇಟೆಗೆ ಹೋಗುವ ಲೋಕಿಕೆರೆ ರಸ್ತೆಯ ಪೇಟೆಯ ತುದಿಯಲ್ಲಿ ಹೊಲಗಳು ಒಂದೊಂದಾಗಿ ಬಡಾವಣೆಯಾದವು. ಹೊಲದ ಬೆಲೆ ಸಾವಿರದಿಂದ ಲಕ್ಷಕ್ಕೆ, ಲಕ್ಷದಿಂದ ಹತ್ತಾರು ಲಕ್ಷಕ್ಕೆ ಏರಿತು. ಕಂದಾಯ ಮಾತ್ರ ಎಕರೆಗೆ ಕೆಲವೇ ರೂಪಾಯಿಗಳಲ್ಲಿ ನಿಂತುಬಿಟ್ಟಿತು. ಹೀಗಾಗಿ ಒಂದೇ ಹೊಲಕ್ಕೆ ಎರಡು ಬೆಲೆ. ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ಒಂದು, ಕೋರ್ಟಿನ ಮೆಟ್ಟಿಲಲ್ಲಿ ಇನ್ನೊಂದು.

ಇದನ್ನು ಕಾನೂನಿನ ಅಸಂಬದ್ಧ ಎಂದು ತಳ್ಳಿಹಾಕಬೇಡಿ. ನನಗೂ ಮೊದಲು ಹಾಗೇ ಅನ್ನಿಸಿತ್ತು. ಈಗ ಯೋಚಿಸಿದರೆ, ಎರಡು ಎಕರೆಯ ರೈತ ಕೋರ್ಟಿನ ಬಾಗಿಲು ದಾಟಲು ಸಾಧ್ಯವಾಗಿದ್ದರೆ ಅದು ಈ ಸುಳ್ಳು ಬೆಲೆಯ ದಯೆಯಿಂದ. ಬಾಗಿಲಿನ ಹೊಸ್ತಿಲು ಎತ್ತರವಾಗದಂತೆ ಅದು ತಡೆದು ಹಿಡಿದಿದೆ. ತೊಂದರೆ ಶುರುವಾಗುವುದು ಹೊಲ ಹೊಲವಾಗಿ ಉಳಿಯದಿದ್ದಾಗ. ಅಲಿನೇಷನ್ ಆದ ದಿನ ಅದೇ ಮಣ್ಣು ಸೈಟಾಗುತ್ತದೆ, ಮಾರುಕಟ್ಟೆ ಬೆಲೆ ಬಂದು ಕೂರುತ್ತದೆ. ಅಲಿನೇಷನ್ ಆಗಿಲ್ಲ, ಆದರೆ ಸುತ್ತ ಮನೆಗಳೆದ್ದಿವೆ ಎಂದರೆ ಅದು ಹೊಲವೋ ಸೈಟೋ? ಅರ್ಧದಷ್ಟು ಮೌಲ್ಯಮಾಪನದ ಜಗಳಗಳು ಹುಟ್ಟುವುದು ಈ ಅಂಚಿನಲ್ಲೇ.

*

ನಮ್ಮ ಸೀಮೆಗೆ ಇನ್ನೊಂದು ವಿಶೇಷವಿದೆ. ಹರಿಹರದಲ್ಲಿ ನಿಂತು ತುಂಗಭದ್ರೆಯನ್ನು ದಾಟಿದರೆ ರಾಣೆಬೆನ್ನೂರು ಸೀಮೆ, ಅದು ಮುಂಬೈ ಪ್ರಾಂತ್ಯ. ಬಡಗಣ ದಿಕ್ಕಿಗೆ ಹೋದರೆ ಹರಪನಹಳ್ಳಿ, ಅದು ಮದರಾಸು ಪ್ರಾಂತ್ಯದ ಬಳ್ಳಾರಿ ಜಿಲ್ಲೆ. ಹರಿಹರ, ದಾವಣಗೆರೆ ಮಾತ್ರ ಮೈಸೂರು ಸಂಸ್ಥಾನ. ಮೈಸೂರಿಗೆ ತನ್ನದೇ 1900ರ ಕೋರ್ಟ್ ಫೀ ಕಾಯ್ದೆ ಇತ್ತು. ಮುಂಬೈ, ಮದರಾಸುಗಳಲ್ಲಿ 1870ರ ಕಾಯ್ದೆ, ಅದೂ ಆಯಾ ಪ್ರಾಂತ್ಯ ತಿದ್ದಿಕೊಂಡ ರೂಪದಲ್ಲಿ. ಹೊಳೆಯ ಈಚೆ ದಡದ ಹೊಲಕ್ಕೆ ಒಂದು ಪಟ್ಟಿ, ಆಚೆ ದಡದ ಹೊಲಕ್ಕೆ ಇನ್ನೊಂದು. ಎರಡೂ ದಡಗಳಲ್ಲಿ ಸಂಬಂಧ ಬೆಳೆಸಿದ, ಎರಡೂ ಕಡೆ ಜಮೀನು ಇದ್ದ ಮನೆತನಗಳು ನಮ್ಮಲ್ಲಿ ಕಡಿಮೆಯಿರಲಿಲ್ಲ.

1956ರ ನವೆಂಬರ್ 1ರಂದು ಕನ್ನಡ ನಾಡು ಒಂದಾದಾಗ ಜನ ಸಂಭ್ರಮಿಸಿದರು. ಕಾನೂನುಗಳು ಅಂದೇ ಒಂದಾಗಲಿಲ್ಲ. ಮೈಸೂರು, ಮುಂಬೈ, ಮದರಾಸು, ಹೈದರಾಬಾದು, ಕೊಡಗು, ಎಲ್ಲ ಕಡೆಯ ಕೋರ್ಟ್ ಫೀ ನಿಯಮಗಳೂ ಒಂದೇ ರಾಜ್ಯದೊಳಗೆ ಬೇರೆ ಬೇರೆಯಾಗಿ ನಡೆಯುತ್ತಿದ್ದವು. ಅವನ್ನೆಲ್ಲ ತೆಗೆದುಹಾಕಿ ಬಂದದ್ದು 1958ರ ಮೈಸೂರು ಕೋರ್ಟ್ ಫೀ ಮತ್ತು ದಾವೆಗಳ ಮೌಲ್ಯಮಾಪನ ಕಾಯ್ದೆ. 1973ರಲ್ಲಿ ರಾಜ್ಯದ ಹೆಸರು ಬದಲಾದ ಮೇಲೆ ಅದು ಕರ್ನಾಟಕದ ಕಾಯ್ದೆಯಾಯಿತು. ಮದರಾಸಿನ 1955ರ ಕಾಯ್ದೆ ಅದಕ್ಕೆ ಮಾದರಿ. ಏಕೀಕರಣದ ಇತಿಹಾಸ ಬರೆಯುವವರು ಸಭೆ, ಚಳವಳಿ, ಕವಿಗಳ ಬಗ್ಗೆ ಬರೆಯುತ್ತಾರೆ, ಬರೆಯಬೇಕು. ಆದರೆ ರಾಣೆಬೆನ್ನೂರಿನ ರೈತನೂ ದಾವಣಗೆರೆಯ ರೈತನೂ ಕೋರ್ಟಿನ ಬಾಗಿಲಲ್ಲಿ ಒಂದೇ ಪಟ್ಟಿಯ ಪ್ರಕಾರ ದುಡ್ಡು ಎಣಿಸಿದ ದಿನವೂ ಏಕೀಕರಣದ್ದೇ ಒಂದು ದಿನ ಎಂದು ನನಗನ್ನಿಸುತ್ತದೆ.

ಅದೇ 1958ರಲ್ಲಿ ಸೆಟಲ್ವಾಡ್ ಅಧ್ಯಕ್ಷತೆಯ ಕಾನೂನು ಆಯೋಗ ತನ್ನ 14ನೇ ವರದಿ ಕೊಟ್ಟಿತು. ನ್ಯಾಯ ಒದಗಿಸುವುದು ಸರ್ಕಾರದ ಮೂಲ ಕರ್ತವ್ಯ, ಅದನ್ನು ಮಾರಾಟದ ವಸ್ತು ಮಾಡಬಾರದು, ಫೀ ಇಳಿಯಬೇಕು ಎನ್ನುವುದು ಅದರ ಧೋರಣೆ. ರಾಜ್ಯಗಳು ಆ ದಾರಿಯಲ್ಲಿ ಹೋಗಲಿಲ್ಲ.

*

ಕೋರ್ಟ್ ಫೀ ಎನ್ನುವುದು ವಾದಿಗೂ ಸರ್ಕಾರಕ್ಕೂ ನಡುವಿನ ವಿಷಯ. ಆದರೆ ದಾವೆಗಳಲ್ಲಿ ಇದರ ಬಗ್ಗೆ ಹೆಚ್ಚು ಕೂಗಾಡುವವರು ಪ್ರತಿವಾದಿಗಳು. ಯಾಕೆ? ವಾದಿ ತೋರಿಸಿದ ಬೆಲೆ ಕಡಿಮೆಯಾಯಿತು, ಅವಳು ಇನ್ನಷ್ಟು ಫೀ ಕಟ್ಟಬೇಕು, ಇಲ್ಲವೇ ದಾವೆ ಈ ಕೋರ್ಟಿನ ವ್ಯಾಪ್ತಿಗೇ ಬರುವುದಿಲ್ಲ ಎಂದು ತಕರಾರು ತೆಗೆದರೆ, ಕೋರ್ಟು ಮೊದಲು ಅದನ್ನು ತೀರ್ಮಾನಿಸಬೇಕು. ಬೆಲೆಯಿಂದ ಫೀ ಮಾತ್ರವಲ್ಲ, ಯಾವ ದರ್ಜೆಯ ಕೋರ್ಟಿನಲ್ಲಿ ದಾವೆ ನಡೆಯಬೇಕು ಎನ್ನುವುದೂ ನಿರ್ಧಾರವಾಗುತ್ತದೆ. ಆ ಪ್ರಶ್ನೆ ತೀರುವವರೆಗೆ ಅಸಲು ವ್ಯಾಜ್ಯ ಮುಂದೆ ಹೋಗುವುದಿಲ್ಲ. ವಾಯಿದೆಯ ಮೇಲೆ ವಾಯಿದೆ. ಅಷ್ಟರಲ್ಲಿ ಹೊಲದಲ್ಲಿ ಬೆಳೆ ತೆಗೆಯುತ್ತಿರುವವನು ಪ್ರತಿವಾದಿಯೇ.

ಈ ತಂತ್ರವನ್ನು ಸುಪ್ರೀಂ ಕೋರ್ಟು ಬಹಳ ಹಿಂದೆಯೇ ಗುರುತಿಸಿತ್ತು, ಅದೂ ನಮ್ಮ ನಾಡಿನಿಂದಲೇ ಹೋದ ಪ್ರಕರಣದಲ್ಲಿ. ‘ರತ್ನವರ್ಮರಾಜ ವಿರುದ್ಧ ವಿಮಲಾ’ ಎಂಬುದು ಅದರ ಹೆಸರು. ಮದರಾಸು ಕಾಯ್ದೆಯಡಿ ಹೂಡಿದ ದಾವೆ, ಏಕೀಕರಣದ ನಂತರ ಮೈಸೂರು ಹೈಕೋರ್ಟಿನ ಮೂಲಕ ದೆಹಲಿಗೆ ಹೋಯಿತು. ವಾದಿ ಕೊಟ್ಟ ಕೋರ್ಟ್ ಫೀ ಸಾಲದು ಎನ್ನುವುದೇ ಪ್ರತಿವಾದಿಯ ಹೋರಾಟ. 1961ರಲ್ಲಿ ಬಂದ ತೀರ್ಪಿನಲ್ಲಿ ನ್ಯಾಯಮೂರ್ತಿ ಜೆ.ಸಿ. ಷಾ ಹೇಳಿದ್ದರ ಸಾರ ಇಷ್ಟು: ಕೋರ್ಟ್ ಫೀ ಕಾಯ್ದೆ ಇರುವುದು ಸರ್ಕಾರಕ್ಕೆ ಆದಾಯ ಬರಲಿ ಎಂದು, ಎದುರಾಳಿಯ ವಿಚಾರಣೆಗೆ ಅಡ್ಡಗಾಲು ಹಾಕಲು ಪ್ರತಿವಾದಿಯ ಕೈಗೆ ಆಯುಧ ಕೊಡಲಿ ಎಂದಲ್ಲ. ಈ ಒಂದು ತಕರಾರಿನಿಂದಾಗಿ ಅಸಲು ದಾವೆ ಹತ್ತಿರ ಹತ್ತಿರ ಐದು ವರ್ಷ ನಿಂತಲ್ಲೇ ನಿಂತಿತ್ತು ಎಂಬುದನ್ನೂ ತೀರ್ಪು ದಾಖಲಿಸಿತು.

ತೀರ್ಪು ಬಂದು ಆರು ದಶಕ ದಾಟಿತು. ಆಯುಧವನ್ನು ಯಾರೂ ಕೆಳಗಿಟ್ಟಿಲ್ಲ. ಅದು ನನಗೆ ಹೇಗೆ ಗೊತ್ತೆಂದರೆ, ಟ್ರಂಕಿನ ಕಟ್ಟಿನಲ್ಲಿ ಪ್ರತಿವಾದಿಗಳ ತಕರಾರು ಪತ್ರವೂ ಇತ್ತು. ಅದರಲ್ಲಿದ್ದ ಮೊದಲ ತಕರಾರೇ ಕೋರ್ಟ್ ಫೀ. ಕೆಳಗೆ ದೊಡ್ಡಪ್ಪನ ಸಹಿ, ಅದರ ಕೆಳಗೆ ಅಪ್ಪನ ಸಹಿ. ಅಪ್ಪನ ಸಹಿ ನನಗೆ ಚೆನ್ನಾಗಿ ಪರಿಚಯ. ನನ್ನ ಶಾಲೆಯ ಅಂಕಪಟ್ಟಿಗಳ ಮೇಲೆಲ್ಲ ಇರುವುದು ಅದೇ.

*

ಪಾಲಿನ ದಾವೆಗಳಿಗೆ 1958ರ ಕಾಯ್ದೆಯ 35ನೇ ಕಲಮಿನಲ್ಲಿ ಎರಡು ದಾರಿಗಳಿವೆ. ‘ನಾನು ಕುಟುಂಬದ ಆಸ್ತಿಯಲ್ಲಿ ಜಂಟಿ ಸ್ವಾಧೀನದಲ್ಲಿದ್ದೇನೆ, ನನ್ನ ಪಾಲನ್ನು ಬೇರೆ ಮಾಡಿಕೊಡಿ’ ಎಂದರೆ ನಿಗದಿತ ಫೀ. ಪಾಲಿನ ಬೆಲೆ 10,000 ರೂ. ಇರಲಿ, ಹತ್ತು ಕೋಟಿ ಇರಲಿ, 200 ರೂ. ಕೊಟ್ಟರೆ ಆಯಿತು. ಬೆಲೆ ಇನ್ನೂ ಕಡಿಮೆಯಿದ್ದರೆ 15 ರೂಪಾಯಿಗೂ ಇಳಿಯುತ್ತದೆ. ‘ನನ್ನನ್ನು ಸ್ವಾಧೀನದಿಂದ ಹೊರಗೆ ಹಾಕಿದ್ದಾರೆ’ ಎಂದರೆ ಪಾಲಿನ ಬೆಲೆಗೆ ತಕ್ಕ ಫೀ. ಹೊಲದ ಮಟ್ಟಿಗೆ ಎರಡೂ ದಾರಿ ಅಗ್ಗ, ಯಾಕೆಂದರೆ ಬೆಲೆಯೇ ಕಂದಾಯದ ಲೆಕ್ಕದ್ದು. ಮನೆ, ಸೈಟು ಸೇರಿತೆಂದರೆ ಲೆಕ್ಕ ಬದಲಾಗುತ್ತದೆ. ಕಾಯ್ದೆಯ ದರಪಟ್ಟಿಯ ಪ್ರಕಾರ 5 ಲಕ್ಷ ರೂ. ಬೆಲೆಯ ಪಾಲಿಗೆ ಫೀ 33,375 ರೂ. ಅತ್ತ 200, ಇತ್ತ 33,375. ನಡುವೆ ಇರುವುದು ಒಂದೇ ಒಂದು ವಾಕ್ಯ.

ಆ ವಾಕ್ಯವನ್ನು ಆಯ್ದುಕೊಳ್ಳಬೇಕಾದವರು ಯಾರು ಎಂದು ಸ್ವಲ್ಪ ಯೋಚಿಸಿ. ಮನೆಯಲ್ಲಿ ಉಳಿದ ಗಂಡುಮಕ್ಕಳನ್ನು ಹೊರಗೆ ಹಾಕುವುದು ಅಪರೂಪ. ಹೊರಗೆ ಬೀಳುವವರು ವಿಧವೆಯರು, ಗಂಡನ ಮನೆಯಿಂದ ವಾಪಸು ಬಂದ ಅಕ್ಕತಂಗಿಯರು. ನಮ್ಮ ಅತ್ತೆಯನ್ನು ಹರಿಹರಕ್ಕೆ ಕೊಟ್ಟಿದ್ದರು. ಮಾವ ಕಾರ್ಖಾನೆಯ ಕೆಲಸದಲ್ಲಿದ್ದವರು, ಬೇಗ ಹೋಗಿಬಿಟ್ಟರು. ಅತ್ತೆ ಇಬ್ಬರು ಮಕ್ಕಳನ್ನು ಕಟ್ಟಿಕೊಂಡು ತವರಿಗೆ ಬಂದು, ಹಿತ್ತಲ ಕಡೆಯ ಕೋಣೆಯಲ್ಲಿ ಆರು ವರ್ಷ ಇದ್ದರು. ಆಮೇಲೆ ಒಂದು ದಿನ ಜಗಳವಾಯಿತು. ಅವರ ಸಾಮಾನು ಅಂಗಳಕ್ಕೆ ಬಂತು.

ಈಗ ಅತ್ತೆ ಹರಿಹರದಲ್ಲಿ ಮಗಳ ಮನೆಯಲ್ಲಿದ್ದಾರೆ. ಕಾಗದದ ಕಟ್ಟು ಹಿಡಿದು ಅಳುಕುತ್ತಲೇ ಹೋದೆ. ಓದಿ ಹೇಳು ಎಂದರು. ಓದುತ್ತಾ ‘ವಾದಿಯು ಪ್ರತಿವಾದಿಗಳೊಂದಿಗೆ ದಾವಾ ಸ್ವತ್ತುಗಳ ಜಂಟಿ ಸ್ವಾಧೀನ ಅನುಭವದಲ್ಲಿದ್ದು’ ಎಂಬ ಸಾಲಿಗೆ ಬಂದಾಗ ಕೈ ಎತ್ತಿ ನಿಲ್ಲಿಸಿದರು.

“ನಾನು ವಕೀಲರಿಗೆ ಎಲ್ಲಾ ಹೇಳಿದ್ದೆ ಕಣಪ್ಪ. ಪಾತ್ರೆ ಅಂಗಳಕ್ಕೆ ಒಗೆದಿದ್ದು, ಮಕ್ಕಳು ಮಳೇಲಿ ನಿಂತಿದ್ದು. ಅವರು, ‘ಇದನ್ನ ಬರೆದ್ರೆ ಫೀಸು ಸಾವಿರಗಟ್ಟಲೆ ಆಗುತ್ತಮ್ಮ, ಬರೀದಿದ್ರೆ ಇನ್ನೂರು’ ಅಂದ್ರು. ನನ್ನ ಹತ್ರ ಆ ಇನ್ನೂರೂ ಇರ್ಲಿಲ್ಲ. ಬಳೆ ಅಡ ಇಟ್ಟಿದ್ದೆ. ಹೂಂ ಬರೀರಿ ಅಂದೆ. ಊರಿಗೆಲ್ಲ ಗೊತ್ತು ನನ್ನ ಹೊರಗೆ ಹಾಕಿದ್ದು. ಕಾಗದದಾಗೆ ಮಾತ್ರ ನಾನು ಅಣ್ಣತಮ್ಮಂದಿರ ಜೊತೆಗೇ ಇದೀನಿ.”

ವಕೀಲರು ಸುಳ್ಳು ಬರೆಯಲಿಲ್ಲ, ಅದನ್ನೂ ಹೇಳಬೇಕು. ಒಟ್ಟು ಕುಟುಂಬದ ಆಸ್ತಿಯಲ್ಲಿ ಒಬ್ಬ ಪಾಲುದಾರನ ಸ್ವಾಧೀನ ಎಲ್ಲ ಪಾಲುದಾರರ ಸ್ವಾಧೀನವೇ ಎಂಬುದು ಕಾನೂನಿನ ಹಳೆಯ ತತ್ವ. ತಮಿಳುನಾಡಿನಿಂದ ಹೋದ ‘ನೀಲಾವತಿ ವಿರುದ್ಧ ನಟರಾಜನ್’ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಇದನ್ನೇ ಹೇಳಿತು. ಅದು 1980ರ ಕಾನೂನು ವರದಿಗಳಲ್ಲಿದೆ. ಹೊರಗೆ ಹಾಕಿದ್ದಾರೆ ಎಂದು ವಾದಪತ್ರದಲ್ಲೇ ಸ್ಪಷ್ಟವಾಗಿ ಹೇಳಿಕೊಂಡಿದ್ದರೆ ಮಾತ್ರ ಪೂರ್ತಿ ಫೀ ಕೇಳಬೇಕು. ಅಲ್ಲಿಯೂ ದಾವೆ ಹಾಕಿದವರಲ್ಲಿ ಹೆಣ್ಣುಮಕ್ಕಳಿದ್ದರು. ಫೀ ತೀರ್ಮಾನಿಸುವಾಗ ವಾದಿ ಏನು ಹೇಳಿದ್ದಾರೆ ಎಂದು ನೋಡಬೇಕು, ಪ್ರತಿವಾದಿಯ ಮಾತನ್ನಲ್ಲ ಎಂದು 1958ರ ‘ಸಾತಪ್ಪ ಚೆಟ್ಟಿಯಾರ್’ ತೀರ್ಪು ಅದಕ್ಕೂ ಮೊದಲೇ ಹೇಳಿತ್ತು. ಈ ತೀರ್ಪುಗಳು ಅತ್ತೆಯಂಥವರಿಗೆ ಬಾಗಿಲು ತೆರೆದಿಟ್ಟಿವೆ. ಆದರೆ ತೆರೆದ ಬಾಗಿಲೊಳಗೆ ಹೋಗಲು ಅವರು ತಮಗಾದ ಅನ್ಯಾಯವನ್ನು ಹೊರಗೇ ಬಿಟ್ಟು ಹೋಗಬೇಕು.

ಇನ್ನು ದೊಡ್ಡಪ್ಪ, ಅಪ್ಪ ಸಹಿ ಹಾಕಿದ ತಕರಾರು ಏನೆಂದು ಕೇಳಿ. ‘ವಾದಿಯು ಜಂಟಿ ಸ್ವಾಧೀನದಲ್ಲಿ ಇಲ್ಲವೇ ಇಲ್ಲ, ಹಲವು ವರ್ಷಗಳಿಂದ ಆಕೆಗೂ ಮನೆಗೂ ಸಂಬಂಧವಿಲ್ಲ, ಆದ್ದರಿಂದ ಪೂರ್ತಿ ಕೋರ್ಟ್ ಫೀ ಕಟ್ಟಬೇಕು.’ ಹೊರಗೆ ಹಾಕಿದವರೇ ಹೊರಗೆ ಹಾಕಿದ್ದನ್ನು ಒಪ್ಪಿಕೊಂಡು, ಅದಕ್ಕೆ ಅಕ್ಕನಿಂದಲೇ ದಂಡ ಕೇಳಿದ ಹಾಗೆ. ಕೋರ್ಟು ಈ ತಕರಾರನ್ನು ಕೊನೆಗೆ ತಳ್ಳಿಹಾಕಿತು. ಅಷ್ಟಾಗಲು ಎರಡು ವರ್ಷ ಹಿಡಿಯಿತು.

*

ದುಡ್ಡಿಲ್ಲದವರಿಗೆ ಬೇರೆ ದಾರಿಗಳು ಇರಲಿಲ್ಲವೆ? ಇದ್ದವು. ಸಿವಿಲ್ ಪ್ರಕ್ರಿಯಾ ಸಂಹಿತೆಯ 33ನೇ ಆದೇಶದ ಪ್ರಕಾರ ಫೀ ಕಟ್ಟಲು ಶಕ್ತಿಯಿಲ್ಲದವರು ಫೀ ಇಲ್ಲದೆ ದಾವೆ ಹೂಡಬಹುದು. ಹಿಂದೆ ಇದನ್ನು ‘ಪಾಪರ್’ ದಾವೆ ಎನ್ನುತ್ತಿದ್ದರು. 1976ರ ತಿದ್ದುಪಡಿಯಲ್ಲಿ ಆ ಪದ ಹೋಗಿ ‘ನಿರ್ಗತಿಕ’ ಎಂಬರ್ಥದ ಮಾತು ಬಂತು. ಕಾಯ್ದೆಯಿಂದ ಹೋದ ಪದ ನಮ್ಮ ಮಾತಿನಲ್ಲಿ ಉಳಿದಿದೆ. ವ್ಯಾಪಾರ ಮುಳುಗಿದವನನ್ನು ‘ಪಾಪರ್ ಆದ’ ಎನ್ನುತ್ತೇವೆ, ‘ಪಾಪರ್ ಚೀಟಿ’ ಎನ್ನುತ್ತೇವೆ. ಕೋರ್ಟಿನಲ್ಲಿ ತಾನು ಬಡವಿ ಎಂದು ಸಾಬೀತು ಮಾಡುವುದೂ ಒಂದು ಪುಟ್ಟ ದಾವೆಯೇ. ಅದಕ್ಕೂ ತನಿಖೆ, ಸಾಕ್ಷಿ, ತಕರಾರು. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆ ಇದಕ್ಕಿಂತ ಉದಾರ. ಅದು 1995ರಲ್ಲಿ ಜಾರಿಗೆ ಬಂತು. ಯಾವ ಹೆಣ್ಣುಮಗಳಿಗಾದರೂ, ಆದಾಯ ಎಷ್ಟೇ ಇರಲಿ, ಉಚಿತ ಕಾನೂನು ನೆರವು ಸಿಗಬೇಕು ಎನ್ನುತ್ತದೆ. ಅತ್ತೆ ದಾವೆ ಹಾಕಿದ 1998ರಲ್ಲಿ ಅದು ಇತ್ತು. ಅತ್ತೆಗೆ ಹೇಳಿದವರು ಯಾರೂ ಇರಲಿಲ್ಲ.

ಫೀ ಇಷ್ಟು ಭಾರ ಇರಬೇಕೆ ಎಂಬ ಪ್ರಶ್ನೆಯೂ ಕರ್ನಾಟಕದಿಂದಲೇ ಸುಪ್ರೀಂ ಕೋರ್ಟಿಗೆ ಹೋಗಿತ್ತು. 1980ರ ದಶಕದ ಕೊನೆಯಲ್ಲಿ ‘ಅಶ್ವತ್ಥನಾರಾಯಣ ಸೆಟ್ಟಿ’ ಪ್ರಕರಣದಲ್ಲಿ, ಬೆಲೆ ಏರಿದಂತೆ ಮಿತಿಯಿಲ್ಲದೆ ಏರುವ ಫೀ ಸಂವಿಧಾನಬದ್ಧವೇ ಎಂದು ಕೇಳಲಾಯಿತು. 1870ರ ಕಾಯ್ದೆಯಲ್ಲಿ ಒಂದು ದಾವೆಗೆ 3,000 ರೂ. ಗರಿಷ್ಠ ಮಿತಿ ಇತ್ತು. ಈಗ ಮಿತಿಯೇ ಇಲ್ಲ ಎನ್ನುವುದು ಅರ್ಜಿದಾರರ ದೂರು. ತೀರ್ಪು ಬರೆದವರು ನಮ್ಮವರೇ ಆದ ನ್ಯಾಯಮೂರ್ತಿ ಎಂ.ಎನ್. ವೆಂಕಟಾಚಲಯ್ಯ. ಕಾಯ್ದೆ ಊರ್ಜಿತವಾಯಿತು. ಫೀ ಪದ್ಧತಿಯನ್ನು ಸರ್ಕಾರಗಳು ಮರುಪರಿಶೀಲಿಸಿ ಹಗುರ ಮಾಡುವುದು ಒಳ್ಳೆಯದು ಎಂಬ ಆಶಯವನ್ನೂ ತೀರ್ಪು ದಾಖಲಿಸಿತು.

ದರಪಟ್ಟಿಯನ್ನು ಹಿಡಿದು ನಾನು ಒಂದು ಸಂಜೆ ಲೆಕ್ಕ ಹಾಕುತ್ತಾ ಕೂತೆ. 5 ಲಕ್ಷದ ದಾವೆಗೆ ಫೀ 33,375 ರೂ., ಅಂದರೆ ನೂರಕ್ಕೆ ಆರೂಮುಕ್ಕಾಲಿನ ಹತ್ತಿರ. 40 ಲಕ್ಷದ ದಾವೆಗೆ 1,20,875 ರೂ., ನೂರಕ್ಕೆ ಮೂರು. ಅಲ್ಲಿಂದ ಮೇಲೆ ನೂರಕ್ಕೆ ಅರ್ಧ ರೂಪಾಯಿ ಮಾತ್ರ. ಒಂದು ಕೋಟಿಯ ದಾವೆಗೆ 1,50,875 ರೂ., ಅಂದರೆ ನೂರಕ್ಕೆ ಒಂದೂವರೆ. ಕೋಟಿಯವನು ಹೆಚ್ಚು ದುಡ್ಡು ಕೊಡುತ್ತಾನೆ ನಿಜ. ಆದರೆ ಭಾರ ಹೊರುವವಳು ಒಂದು ಮನೆಯ ಮೂಲೆ, ಒಂದು ಸೈಟಿನ ಪಾಲು ಕೇಳುವವಳು. ಯಾಜ್ಞವಲ್ಕ್ಯನ ಕಾಲದಲ್ಲಿ ಗೆದ್ದ ಮೇಲೆ ನೂರಕ್ಕೆ ಐದು. ಈಗ ಗೆಲ್ಲುವ ಮೊದಲೇ ಅದಕ್ಕಿಂತ ಹೆಚ್ಚು.

ಅತ್ತೆಯ ದಾವೆ ತೀರ್ಪಿನವರೆಗೆ ಹೋಗಲಿಲ್ಲ. ಅಜ್ಜ ತೀರಿಕೊಂಡಾಗ ಇದ್ದ 1956ರ ಕಾನೂನಿನ ಲೆಕ್ಕದಲ್ಲಿ ಅವರಿಗೆ ಬರಬೇಕಾದ್ದು ಒಂಬತ್ತರಲ್ಲಿ ಒಂದು ಪಾಲು. ಅಜ್ಜ ಮತ್ತು ಇಬ್ಬರು ಗಂಡುಮಕ್ಕಳಿಗೆ ಮೂರು ಪಾಲು, ಅಜ್ಜನ ಪಾಲಿನಲ್ಲಿ ಮಗಳಿಗೆ ಮೂರನೇ ಒಂದು. ಕೊನೆಗೆ ಲೋಕ ಅದಾಲತ್ತಿನಲ್ಲಿ ರಾಜಿಯಾಯಿತು. ಒಂಬತ್ತನೇ ಒಂದಕ್ಕಿಂತ ಕಡಿಮೆಯೇ ಒಂದು ಮೊತ್ತ ಪಡೆದು ಅತ್ತೆ ಹೆಬ್ಬೆಟ್ಟು ಒತ್ತಿದರು. ಅದಾಲತ್ತಿನಲ್ಲಿ ರಾಜಿಯಾದರೆ ಕೋರ್ಟ್ ಫೀ ವಾಪಸು ಬರುತ್ತದೆ. “ಆ ಇನ್ನೂರು ಬಂತಾ ಅತ್ತೆ?” ಎಂದು ಕೇಳಿದೆ. “ಬಂತೇನೋ. ಅದನ್ನ ತರಾಕೆ ಹೋಗೋ ಬಸ್ ಚಾರ್ಜು ಯಾರು ಕೊಡ್ಬೇಕು?” ಎಂದು ನಕ್ಕರು. ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ ಎಂದು ನಮ್ಮ ಕಡೆ ಹೇಳುತ್ತಾರೆ. ರಾಜಿಯಾದವಳ ಬಗ್ಗೆ ಗಾದೆ ಏನೂ ಹೇಳುವುದಿಲ್ಲ.

*

ಮೈಸೂರು ಸಂಸ್ಥಾನ 1933ರಲ್ಲೇ ಹಿಂದೂ ಹೆಣ್ಣುಮಕ್ಕಳ ಹಕ್ಕುಗಳ ಕಾಯ್ದೆ ಮಾಡಿತ್ತು. ದೇಶ 2005ರಲ್ಲಿ ಮಾಡಿದ ತಿದ್ದುಪಡಿಯಂಥದ್ದನ್ನು ಕರ್ನಾಟಕ 1994ರಲ್ಲೇ ಮಾಡಿತ್ತು, ಆಗ ಮದುವೆಯಾಗದಿದ್ದ ಹೆಣ್ಣುಮಕ್ಕಳಿಗಾದರೂ. ಈಗ 2020ರ ‘ವಿನೀತಾ ಶರ್ಮಾ’ ತೀರ್ಪಿನ ನಂತರ ಮಗಳಿಗೆ ಹುಟ್ಟಿನಿಂದಲೇ ಸಮಪಾಲು ಎನ್ನುವುದರಲ್ಲಿ ಗೊಂದಲವಿಲ್ಲ. ಹಕ್ಕಿನ ಇತಿಹಾಸ ನೋಡಿದರೆ ನಮ್ಮ ನಾಡು ಮುಂದೆಯೇ ಇದೆ. ಆದರೆ ಹಕ್ಕಿನ ಪುಸ್ತಕದ ಪಕ್ಕದಲ್ಲಿ ಫೀಯ ಪುಸ್ತಕವನ್ನೂ ಇಟ್ಟು ಓದಬೇಕು. ಮೊದಲನೆಯದು ಕೊಟ್ಟದ್ದನ್ನು ಎರಡನೆಯದು ಯಾವ ಮಾತಿನಲ್ಲಿ ಕೇಳಲು ಬಿಡುತ್ತದೆ ಎಂದು ನೋಡಬೇಕು. 35ನೇ ಕಲಮಿನ ಎರಡು ದಾರಿಗಳನ್ನು ಒಂದು ಮಾಡಿ, ಹೊರಗೆ ಹಾಕಿಸಿಕೊಂಡವರಿಗೂ ಅದೇ 200 ರೂ. ಎಂದು ಬರೆದರೆ ಸರ್ಕಾರದ ಬೊಕ್ಕಸ ಬರಿದಾಗಲಾರದು. ನಡೆದದ್ದನ್ನು ನಡೆದ ಹಾಗೇ ಹೇಳಿಕೊಳ್ಳುವ ಅವಕಾಶವಾದರೂ ಆಗ ಸಿಗುತ್ತದೆ.

ಅಪ್ಪನ ಹೆಸರಿನ ಪಹಣಿಯನ್ನು ಪೌತಿ ಖಾತೆ ಮಾಡಿಸಬೇಕಿತ್ತು. ವಂಶವೃಕ್ಷ ಬರೆದುಕೊಡಲು ಹೋದಾಗ ಊರಿನ ಹಿರಿಯರೊಬ್ಬರು ಒಳ್ಳೆಯ ಮಾತಿನಲ್ಲೇ ಹೇಳಿದರು: “ತಂಗೀದು ಒಂದು ಹಕ್ಕು ಬಿಡುಗಡೆ ಪತ್ರ ಬರೆಸ್ಕೊಂಬಿಡಪ್ಪ, ಮುಂದೆ ತೊಂದ್ರೆ ಇರಲ್ಲ.” ತಂಗಿಯೂ ಫೋನಿನಲ್ಲಿ, ಎಲ್ಲಿ ಸಹಿ ಹಾಕಬೇಕೋ ಹೇಳಣ್ಣ, ಬಂದು ಹಾಕ್ತೀನಿ ಎಂದಿದ್ದಳು. ಆ ಮಾತು ಕೇಳಿ ನನಗೆ ಒಳಗೊಳಗೇ ಸಮಾಧಾನವಾಗಿತ್ತು ಎಂದು ಒಪ್ಪಿಕೊಳ್ಳಬೇಕು. ಟ್ರಂಕು ಸಿಕ್ಕಿದ್ದು ಅದಾದ ವಾರಕ್ಕೆ.

ವಂಶವೃಕ್ಷದಲ್ಲಿ ನನ್ನ ಹೆಸರಿನ ಪಕ್ಕದಲ್ಲಿ ಅವಳ ಹೆಸರು ಬರೆದೆ. ಖಾತೆ ಇಬ್ಬರ ಹೆಸರಿಗೂ ಜಂಟಿಯಾಗಿ ಆಗಲಿ ಎಂದು ಅರ್ಜಿ ಕೊಟ್ಟೆ. ಅವಳು ಮುಂದೆ ಏನು ಮಾಡಿಕೊಳ್ಳುತ್ತಾಳೋ ಅದು ಅವಳಿಗೆ ಬಿಟ್ಟದ್ದು. ಹೊಸ ಪಹಣಿ ಬಂದ ಮೇಲೆ ಅದರಲ್ಲಿದ್ದ ಕಂದಾಯದ ಅಂಕಿ ನೋಡಿದೆ. ಟ್ರಂಕಿನ ಹಳೆಯ ರಸೀದಿಯಲ್ಲಿ ಇದ್ದಷ್ಟೇ ಇತ್ತು.